ಹೊಡೆದುಹಾಕಿದ ಆ ಹನ್ನೊಂದು ಸಾಲು

ಮಾಟುಂಗ, ಮುಂಬೈ

ಪ್ರೀತಿಯ ಪುಟ್ಟಿ,

ನಿನ್ನ ಕಾಗದ ಬಂದು ನಾಲ್ಕು ದಿನವಾಯಿತು. ಒಂದು ಮಾತು ಮಾತ್ರ ಗಂಟಲಲ್ಲಿ ಸಿಕ್ಕಿಕೊಂಡ ಹಾಗಿದೆ. 'ನನ್ನ ನಾಟಕವನ್ನು ಸೆನ್ಸಾರಿಗೆ ಕಳಿಸುವ ಮೊದಲೇ ನಾನೇ ಕೂತು ಹನ್ನೊಂದು ಸಾಲು ಹೊಡೆದುಹಾಕಿದೆ ದೊಡ್ಡಪ್ಪ, ಗಲಾಟೆ ಆಗುತ್ತೇನೋ ಅಂತ ಭಯ' ಎಂದು ಬರೆದಿದ್ದೀಯಲ್ಲ, ಅದು.

ಗಲಾಟೆಯ ಭಯ ನನಗೂ ಇದೆ. ಪುಣೆಯಲ್ಲಿ ನೀನು ಒಬ್ಬಳೇ. ಆದರೆ ಯಾರೂ ಕೇಳದೆ ನಿನ್ನ ಕೈ ಪೆನ್ನು ಹಿಡಿಯಿತಲ್ಲ, ನನಗೆ ಅದರ ಭಯವೇ ಜಾಸ್ತಿ.

ಮರಾಠಿ ನಾಟಕಕಾರ ವಿಜಯ್ ತೆಂಡೂಲ್ಕರರ 'ಘಾಶೀರಾಮ್ ಕೋತ್ವಾಲ್' ನಾಟಕ ಮೊದಲು ಆಡಿದ್ದು ನಿನ್ನ ಪುಣೆಯಲ್ಲೇ, 1972ರ ಡಿಸೆಂಬರಿನಲ್ಲಿ. ಪೇಶ್ವೆಗಳ ಮಂತ್ರಿಯಾಗಿದ್ದ ನಾನಾ ಫಡ್ನವೀಸರಿಗೆ ಅವಮಾನ, ಬ್ರಾಹ್ಮಣರಿಗೆ ಅವಮಾನ ಎಂದು ಕೂಗೆದ್ದಿತು. 19 ಪ್ರಯೋಗಕ್ಕೆ ನಾಟಕ ನಿಂತಿತು. ನಿಲ್ಲಿಸಿದ್ದು ಸರ್ಕಾರ ಅಲ್ಲ ಪುಟ್ಟಿ, ಆಡುತ್ತಿದ್ದ ಸಂಸ್ಥೆಯೇ. ನಿರ್ದೇಶಕ ಜಬ್ಬಾರ್ ಪಟೇಲ್ ಮತ್ತು ಜೊತೆಯವರು ಆ ಸಂಸ್ಥೆಯಿಂದ ಹೊರಗೆ ಬಂದು, ಥಿಯೇಟರ್ ಅಕಾಡೆಮಿ ಕಟ್ಟಿ ಮತ್ತೆ ಆಡಿದರು. ಆ 1972ರಲ್ಲೇ ಮುಂಬೈಯಲ್ಲಿ ತೆಂಡೂಲ್ಕರರದೇ 'ಸಖಾರಾಮ್ ಬೈಂಡರ್' 13 ಪ್ರಯೋಗ ಕಂಡಿತ್ತು, ಸೆನ್ಸಾರಿನವರು ತಡೆದರು. ಅದರ ನಿರ್ದೇಶಕ ಕಮಲಾಕರ್ ಸಾರಂಗ್ ಹೈಕೋರ್ಟಿಗೆ ಹೋಗಿ ಗೆದ್ದರು. ನಾನಾಗ ಫೋರ್ಟಿನ ಒಂದು ಹೋಟೆಲಿನ ಗಲ್ಲಾದಲ್ಲಿದ್ದೆ, ರಾತ್ರಿ ಶಾಲೆಗೆ ಹೋಗುತ್ತಿದ್ದೆ. ಸುದ್ದಿ ಕೇಳಿ ನಾನೇ ಗೆದ್ದ ಹಾಗೆ ಓಡಾಡಿದ್ದೆ.

ಅಂಥವನು ಏನು ಮಾಡಿದೆ ಗೊತ್ತಾ? ಎರಡು ಮೂರು ವರ್ಷದ ಮೇಲೆ ನಮ್ಮ ಸಂಘದ ವಾರ್ಷಿಕೋತ್ಸವಕ್ಕೆ ನಾನೊಂದು ನಾಟಕ ಬರೆದೆ. ಹೋಟೆಲ್ ಹುಡುಗರ ಕಥೆ. ಲೋಟ ತೊಳೆಯುವ ಹುಡುಗನೊಬ್ಬ 'ಧಣಿಗಳೇ, ನನ್ನ ಮೂರು ತಿಂಗಳ ಸಂಬಳ ಎಲ್ಲಿ?' ಎಂದು ಕೇಳುವ ಮಾತಿತ್ತು. ದೇಣಿಗೆ ಕೊಟ್ಟವರೆಲ್ಲ ಹೋಟೆಲ್ ಧಣಿಗಳೇ, ಮುಂದಿನ ಸಾಲಿನಲ್ಲಿ ಕೂರುವವರು. ಯಾರೂ ತೆಗೆ ಎನ್ನಲಿಲ್ಲ. ಹಿಂದಿನ ರಾತ್ರಿ ನಾನೇ ತೆಗೆದೆ.

ಆ ಪಾತ್ರದ ಹುಡುಗನಿಗೆ ಹದಿನಾರು ವರ್ಷ. ನಿಜವಾಗಿಯೂ ಲೋಟ ತೊಳೆಯುವವನು. ಮಾತು ಬಾಯಿಪಾಠ ಆಗಿಬಿಟ್ಟಿತ್ತು. ರಂಗದ ಮೇಲೆ ಆ ಜಾಗ ಬಂದಾಗ ಬಾಯಿ ತೆರೆದ, ಪಕ್ಕದಲ್ಲಿ ನಿಂತ ನನ್ನ ಕಡೆ ನೋಡಿದ, ಸುಮ್ನೆ ಒಳಗೆ ಬಂದುಬಿಟ್ಟ. ಜನ ಚಪ್ಪಾಳೆ ತಟ್ಟಿದರು. ಆಮೇಲೆ ಅವನು ನಮ್ಮ ತಾಲೀಮಿಗೆ ಬರಲಿಲ್ಲ. ನಾನೂ ಹುಡುಕಿಕೊಂಡು ಹೋಗಲಿಲ್ಲ. ಮತ್ತೆ ನಾಟಕ ಬರೆಯಲೂ ಇಲ್ಲ. ಬರೆಯಲು ಕೂತರೆ ಮುಂದಿನ ಸಾಲಿನಲ್ಲಿ ಯಾರು ಕೂರುತ್ತಾರೆ ಅನ್ನುವುದೇ ಮೊದಲು ತಲೆಗೆ ಬರುತ್ತಿತ್ತು. ನಿನ್ನ ಕಾಗದ ಓದಿದಾಗ ಹೊಟ್ಟೆಯಲ್ಲಿ ಸಂಕಟವಾದದ್ದು ಅದಕ್ಕೇ.

ಬುದ್ಧಿ ಹೇಳುವ ಯೋಗ್ಯತೆ ನನಗಿಲ್ಲ. ಆದರೂ ಮೂಲ ಪ್ರತಿ ಹರಿಯಬೇಡ. ಕಳಿಸುವುದಾದರೆ ಪೂರ್ತಿ ಕಳಿಸಬಹುದಲ್ವಾ? ಯಾವ ಸಾಲು ಬೇಡ ಎಂದು ಅವರೇ ಬರವಣಿಗೆಯಲ್ಲಿ ಹೇಳಲಿ. ಒಬ್ಬ ವಕೀಲರನ್ನೂ ಕೇಳು, ನನಗೆ ಕಾನೂನು ಅಷ್ಟು ತಿಳಿಯದು. ಪ್ರಯೋಗದ ರಾತ್ರಿ ಒಬ್ಬಳೇ ರಿಕ್ಷಾ ಹತ್ತಬೇಡ. ನಿನಗೆ ನಿಜಕ್ಕೂ ಬೇಡ ಅನ್ನಿಸಿದ ಸಾಲಾದರೆ ತೆಗೆ, ಅದು ಬೇರೆ. ಹನ್ನೊಂದೂ ಹಾಗೇನಾ? ನನಗೆ ನಂಬಿಕೆ ಬರುತ್ತಿಲ್ಲ.

ಭಾನುವಾರ ಫೋನ್ ಮಾಡು. ಆ ಹನ್ನೊಂದು ಸಾಲನ್ನು ನನಗೆ ಓದಿ ಹೇಳು. ನಿಧಾನವಾಗಿ ಓದು, ಬಲಗಿವಿ ಈಗ ಮಂದ.

ನಿನ್ನ
ದೊಡ್ಡಪ್ಪ