ರೋಮ್ ನಗರವನ್ನು ನಗಿಸಿದ ಕ್ಯೂಬಾದ ನಟನಿಗೂ ಜಾಗವಿರಲಿ

ಮಾನ್ಯ ಸಂಪಾದಕರಿಗೆ,

ನಿಮ್ಮ ಭಾನುವಾರದ ಪುರವಣಿಯಲ್ಲಿ ಇಟಲಿಯ ಹಾಸ್ಯಚಿತ್ರಗಳ ಕುರಿತು ಬಂದ ಲೇಖನವನ್ನು ಆಸೆಯಿಂದ ಓದಿದೆ. ನಟರಾದ ತೊತೊ, ಆಲ್ಬೆರ್ತೊ ಸೋರ್ದಿ, ವಿತ್ತೋರಿಯೊ ಗಾಸ್‌ಮನ್ ಅವರ ಬಗ್ಗೆ ಬರೆದದ್ದರಲ್ಲಿ ನನ್ನ ತಕರಾರೇನೂ ಇಲ್ಲ. ಆದರೆ ಹೊರದೇಶದಿಂದ ಬಂದು ಇಟಲಿಯನ್ನು ನಗಿಸಿದವರಲ್ಲಿ ಒಬ್ಬರ ಹೆಸರೂ ಅಲ್ಲಿಲ್ಲ. ವಾಡಿಕೆಯಂತೆ ಕೊನೆಯ ಸಾಲಿನಲ್ಲಿ ‘ಸಂದೋಕಾನ್’ ಧಾರಾವಾಹಿಯ ಕಬೀರ್ ಬೇಡಿ ಬಂದು ಹೋಗುತ್ತಾರೆ, ಅಷ್ಟೇ.

ಬೇಡಿಯವರ ಬಗ್ಗೆ ನನಗೂ ಅಭಿಮಾನವಿದೆ. ಇಟಲಿಯ ಸರ್ಕಾರಿ ವಾಹಿನಿ ರಾಯ್‌ನಲ್ಲಿ 1976ರಲ್ಲಿ ಪ್ರಸಾರವಾದ ಆ ಆರು ಕಂತುಗಳು ಅವರನ್ನು ಅಲ್ಲಿ ಮನೆಮಾತಾಗಿಸಿದವು. ಆದರೆ ಅದು ಸಾಹಸಗಾಥೆ, ಹಾಸ್ಯವಲ್ಲ. ಅದನ್ನು ನಿರ್ದೇಶಿಸಿದ ಸೆರ್ಜೊ ಸೊಲ್ಲಿಮಾ ಅವರೇ ಹತ್ತು ವರ್ಷ ಮೊದಲು, 1966ರಲ್ಲಿ, ಒಂದು ಕೌಬಾಯ್ ಚಿತ್ರದಲ್ಲಿ ಕುಚಿಲ್ಲೊ ಎಂಬ ಬಡ ಮೆಕ್ಸಿಕನ್ನನ ಪಾತ್ರವನ್ನು ಇನ್ನೊಬ್ಬ ಪರದೇಶಿ ನಟನಿಗೆ ಕೊಟ್ಟಿದ್ದರು. ಮಾಡದ ತಪ್ಪಿಗೆ ಬೆನ್ನಟ್ಟಿಸಿಕೊಂಡು, ಚೂರಿ ಮತ್ತು ಚುರುಕು ಬುದ್ಧಿ ಇವೆರಡನ್ನೇ ನಂಬಿ ಬದುಕುಳಿಯುವ ಪಾತ್ರ ಅದು. ಆ ನಟನ ಹೆಸರು ತೋಮಾಸ್ ಮಿಲಿಯಾನ್. ಈ ಪತ್ರ ಅವರ ಸಲುವಾಗಿ.

ಮಿಲಿಯಾನ್ ಹುಟ್ಟಿದ್ದು 1933ರಲ್ಲಿ, ಕ್ಯೂಬಾದ ಹವಾನಾದಲ್ಲಿ. ತಂದೆ ಸೇನೆಯಲ್ಲಿ ಜನರಲ್ ಆಗಿದ್ದವರು; ಮಗನಿಗೆ ಹನ್ನೆರಡು ವರ್ಷವಾಗಿದ್ದಾಗ ಆತ್ಮಹತ್ಯೆ ಮಾಡಿಕೊಂಡರು. ಆ ಗಾಯವನ್ನು ಹೊತ್ತ ಹುಡುಗ ಅಮೆರಿಕಕ್ಕೆ ಹೋಗಿ, ನ್ಯೂಯಾರ್ಕಿನ ಆಕ್ಟರ್ಸ್ ಸ್ಟುಡಿಯೊದಲ್ಲಿ ಅಭಿನಯ ಕಲಿತು, 1958ರಲ್ಲಿ ಸ್ಪೊಲೇತೊ ಊರಿನ ಕಲೋತ್ಸವಕ್ಕೆಂದು ಇಟಲಿಗೆ ಬಂದವರು ಅಲ್ಲಿಯೇ ಉಳಿದುಬಿಟ್ಟರು. 1969ರಲ್ಲಿ ಅಲ್ಲಿನ ಪೌರತ್ವವೂ ಸಿಕ್ಕಿತು. ಬೊಲೊನ್ಯೀನಿ, ವಿಸ್ಕೊಂತಿ ಅವರಂಥ ನಿರ್ದೇಶಕರು ಮೊದಮೊದಲು ಅವರ ಚೆಲುವಾದ ಮುಖವನ್ನು ಶ್ರೀಮಂತ ತರುಣರ ಪಾತ್ರಗಳಿಗೆ ಬಳಸಿಕೊಂಡರು.

ಜನರು ಅವರನ್ನು ಎದೆಗಪ್ಪಿಕೊಂಡದ್ದು ಈ ಚೆಲುವಿಗಲ್ಲ. ಉಂಬೆರ್ತೊ ಲೆಂಜಿ ಅವರ 1976ರ ಚಿತ್ರದಲ್ಲಿ ಕಾಣಿಸಿಕೊಂಡ ಮೊನ್ನೆತ್ಸಾ ಎಂಬ ರೋಮಿನ ಚಿಲ್ಲರೆ ಕಳ್ಳನ ಪಾತ್ರಕ್ಕೆ. ಗುಂಗುರು ಕೂದಲಿನ ದೊಡ್ಡ ಟೋಪನ್, ಒರಟು ಗಡ್ಡ, ಕಣ್ಣಿನ ಅಂಚಿಗೆ ದಟ್ಟ ಕಾಡಿಗೆ, ಮೆಕ್ಯಾನಿಕ್ಕನ ಇಡೀ ಮೈ ಮುಚ್ಚುವ ಉಡುಪು. ಅಪಹರಣಕ್ಕೊಳಗಾದ, ಮೂತ್ರಪಿಂಡದ ಕಾಯಿಲೆಯಿರುವ ಪುಟ್ಟ ಹುಡುಗಿಯನ್ನು ಹುಡುಕಲು ಪೊಲೀಸ್ ಅಧಿಕಾರಿಯೊಬ್ಬ ಇವನನ್ನು ಜೈಲಿನಿಂದ ಹೊರತರುತ್ತಾನೆ. ಕಥೆ ಕ್ರೂರವಾದದ್ದು. ಆದರೆ ಮೊನ್ನೆತ್ಸಾ ಬಾಯಿ ಬಿಟ್ಟೊಡನೆ ರೋಮಿನ ಕೊಳೆಗೇರಿಯ ತರಲೆ, ಬೈಗುಳ, ಪ್ರಾಸ ಎಲ್ಲವೂ ತೆರೆಯ ಮೇಲೆ ಸುರಿಯುತ್ತವೆ. ಅದೇ ವರ್ಷ ಬ್ರೂನೊ ಕೊರ್ಬುಚ್ಚಿ ಅವರೊಂದಿಗೆ ನಿಕೊ ಜಿರಾಲ್ದಿ ಸರಣಿಯೂ ಶುರುವಾಯಿತು. ಕಳ್ಳನಾಗಿದ್ದು ಪೊಲೀಸನಾದವನು ಈ ಜಿರಾಲ್ದಿ. ತಲೆಗೆ ಉಣ್ಣೆಯ ಟೊಪ್ಪಿಗೆ, ಕೈಯಲ್ಲಿ ಮೋಟಾರ್ ಸೈಕಲ್. 1984ರವರೆಗೆ ಒಟ್ಟು ಹನ್ನೊಂದು ಚಿತ್ರಗಳು ಬಂದವು.

ಆ ಸರಣಿಯಲ್ಲಿ ಜಿರಾಲ್ದಿಯ ಕೈಯಿಂದ ಸದಾ ಕಪಾಳಮೋಕ್ಷ ಮಾಡಿಸಿಕೊಳ್ಳುವ ಬೋಳುತಲೆಯ ಪುಡಿಗಳ್ಳ ವೆಂತಿಚೆಲ್ಲೊ ಇದ್ದಾನಲ್ಲ, ಆ ಪಾತ್ರ ಮಾಡಿದ ಬೊಂಬೋಲೊ ನಿಜಕ್ಕೂ ರೋಮಿನ ಬೀದಿಗಳಲ್ಲಿ ತಟ್ಟೆ ಬಟ್ಟಲು ಮಾರಿಕೊಂಡಿದ್ದವರು. ಇವರಿಬ್ಬರು ಎದುರುಬದುರಾದ ಯಾವ ದೃಶ್ಯವನ್ನಾದರೂ ಗಮನವಿಟ್ಟು ನೋಡಿ. ಬೊಂಬೋಲೊ ತಪ್ಪಿಸಿಕೊಳ್ಳಲು ಏನೋ ಸುಳ್ಳು ಹೇಳಲು ಹೊರಡುತ್ತಾರೆ, ಮಿಲಿಯಾನ್ ತಲೆಯಾಡಿಸುತ್ತ ನಂಬಿದವರಂತೆ ಕೇಳಿಸಿಕೊಳ್ಳುತ್ತಾರೆ, ಸುಳ್ಳು ಇನ್ನೇನು ದಡ ಸೇರಿತು ಎನ್ನುವಾಗ ಏಟು ಬೀಳುತ್ತದೆ. ಹುಟ್ಟಾ ರೋಮನ್ ಯಾರು, ಹವಾನಾದಿಂದ ಬಂದವರು ಯಾರು ಎಂದು ಗೊತ್ತಿಲ್ಲದವರಿಗೆ ಹೇಳಲು ಸಾಧ್ಯವೇ ಇಲ್ಲ. ನಾನು ಉದ್ಯೋಗ ನಿಮಿತ್ತ ರೋಮಿನಲ್ಲಿದ್ದಾಗ ಮನೆಯೊಡತಿಯ ಕುಟುಂಬ ಈ ಚಿತ್ರಗಳನ್ನು ಟಿವಿಯಲ್ಲಿ ಮತ್ತೆ ಮತ್ತೆ ನೋಡುತ್ತಿತ್ತು. ಮೊಮ್ಮಗನಿಗೂ ಸಂಭಾಷಣೆ ಬಾಯಿಪಾಠ. ಬಿಡುಗಡೆಯಾದಾಗ ವಿಮರ್ಶಕರು ಮೂಗು ಮುರಿದಿದ್ದ ಚಿತ್ರಗಳನ್ನು ಮುಂದಿನ ಪೀಳಿಗೆಗೆ ದಾಟಿಸಿದ್ದು ಹೀಗೆ ಟಿವಿಯೇ.

ಇನ್ನೊಂದು ಸಂಗತಿ ಹೇಳದಿದ್ದರೆ ಅನ್ಯಾಯವಾಗುತ್ತದೆ. ಆ ದನಿ ಮಿಲಿಯಾನ್ ಅವರದಲ್ಲ. ಅವರ ಇಟಾಲಿಯನ್ ಮಾತಿನಲ್ಲಿ ಕ್ಯೂಬಾದ ಛಾಯೆಯಿತ್ತು. ರೋಮಿನ ಆಡುಮಾತನ್ನು ಆ ಬಾಯಿಗೆ ಕೂರಿಸಿದವರು ಕಂಠದಾನ ಕಲಾವಿದ ಫೆರ್ರುಚ್ಚೊ ಅಮೆಂದೋಲಾ. ರಾಬರ್ಟ್ ಡಿ ನಿರೊ, ಡಸ್ಟಿನ್ ಹಾಫ್‌ಮನ್, ಸಿಲ್ವೆಸ್ಟರ್ ಸ್ಟಲೋನ್ ಇಟಲಿಯಲ್ಲಿ ಮಾತನಾಡಿದ್ದೂ ಇವರದೇ ದನಿಯಲ್ಲಿ. ಆಗಿನ ಇಟಲಿಯಲ್ಲಿ ಚಿತ್ರೀಕರಣದ ಜಾಗದಲ್ಲಿ ಧ್ವನಿ ಹಿಡಿಯುವ ರೂಢಿ ಕಡಿಮೆ; ಸ್ಟುಡಿಯೊದಲ್ಲಿ ಆಮೇಲೆ ಸೇರಿಸುತ್ತಿದ್ದರು, ಎಷ್ಟೋ ಸ್ಥಳೀಯ ನಟರಿಗೂ ಬೇರೆಯವರೇ ದನಿ ಕೊಡುತ್ತಿದ್ದರು. ಹಾಗಾಗಿ ಇದನ್ನು ವಲಸಿಗನಿಗೆ ಮಾಡಿದ ಅವಮಾನ ಎಂದು ನಾನು ಕರೆಯುವುದಿಲ್ಲ. ಪರಭಾಷೆಯ ನಾಯಕಿಯರಿಗೆ ಕಂಠದಾನ ಮಾಡಿಸುವ ನಮ್ಮ ಚಿತ್ರರಂಗವನ್ನು ಬಲ್ಲ ಕನ್ನಡಿಗರಿಗೆ ಇದು ಹೊಸತೂ ಅಲ್ಲ. ನನ್ನ ಮಾತು ಇಷ್ಟೇ: ಆ ಪಾತ್ರದ ಅರ್ಧ ಯಶಸ್ಸು ಅಮೆಂದೋಲಾ ಅವರದು, ಉಳಿದರ್ಧ ಮಿಲಿಯಾನ್ ಅವರದು. ನಡಿಗೆ, ಭುಜ ಕುಣಿಸುವ ರೀತಿ, ಕಣ್ಣು ಕಿರಿದು ಮಾಡಿ ಎದುರಿನವನನ್ನು ಅಳೆಯುವ ಬಗೆ, ಇವನ್ನು ಯಾವ ಸ್ಟುಡಿಯೊದಲ್ಲೂ ಆಮೇಲೆ ಸೇರಿಸಲಾಗದು. ಜಿರಾಲ್ದಿ ಚಿತ್ರಗಳ ನಡುವೆಯೇ, 1982ರಲ್ಲಿ, ನಿರ್ದೇಶಕ ಅಂತೋನಿಯೋನಿ ತಮ್ಮ ಗಂಭೀರ ಚಿತ್ರವೊಂದಕ್ಕೆ ಇವರನ್ನೇ ನಾಯಕನನ್ನಾಗಿ ಆರಿಸಿಕೊಂಡರು ಎಂಬುದನ್ನು ಈ ಚಿತ್ರಗಳನ್ನು ಹಗುರವಾಗಿ ಕಾಣುವವರು ನೆನಪಿಡಬೇಕು.

ಅವರನ್ನು ಹೊಗಳುವ ಭರದಲ್ಲಿ ಕಹಿಯಾದದ್ದನ್ನು ಮುಚ್ಚಿಡಲು ನನಗೆ ಇಷ್ಟವಿಲ್ಲ. 1975ರ ಒಂದು ಹಾಸ್ಯ ಕೌಬಾಯ್ ಚಿತ್ರದಲ್ಲಿ ಮಿಲಿಯಾನ್ ಜಪಾನಿಯಾದರು. 1981ರ ಜಿರಾಲ್ದಿ ಚಿತ್ರದ ಕಥೆ ರೋಮಿನ ಚೀನೀ ಹೋಟೆಲೊಂದರಲ್ಲಿ ನಡೆಯುತ್ತದೆ. ಅಲ್ಲಿ ಪೊಲೀಸನ ಪಾತ್ರದ ಜೊತೆಗೆ ಚೀನೀಯನ ಪಾತ್ರವನ್ನೂ ಅವರೇ ಮಾಡಿದರು. ಆ ಚೀನೀಯನ ಹೆಸರೇ ಅಣಕ, ಮೇಕಪ್ಪು ಅಣಕ, ಮಾತೂ ಅಣಕ. ಇನ್ನೊಂದು ದೇಶದಿಂದ ಬಂದು ಇಟಲಿಯಲ್ಲಿ ನೆಲೆ ಕಂಡುಕೊಂಡವರೇ ಮತ್ತೊಬ್ಬ ವಲಸಿಗನನ್ನು ಹೀಗೆ ನಗೆಪಾಟಲು ಮಾಡಿದ್ದನ್ನು ನೋಡುವಾಗ ನನಗೆ ನೋವಾಗುತ್ತದೆ. ಮಿಲಿಯಾನ್ ಬಿಳಿಯ ಮೈಬಣ್ಣದವರು, ಅವರ ಮಾತೃಭಾಷೆ ಸ್ಪ್ಯಾನಿಷ್ ಇಟಾಲಿಯನ್ನಿನ ಹತ್ತಿರದ ನಂಟ. ಗಡ್ಡ, ಟೋಪನ್ ಮತ್ತು ಅಮೆಂದೋಲಾ ದನಿಯಿಂದ ಅವರು ರೋಮನ್ನರೇ ಆಗಬಲ್ಲವರಾಗಿದ್ದರು. ಚೀನೀಯನಿಗಾಗಲಿ ಆಫ್ರಿಕನ್ನನಿಗಾಗಲಿ ಆ ಬಾಗಿಲು ತೆರೆದಿರಲಿಲ್ಲ.

ಟಿವಿಯ ಕಥೆಯೂ ಹೆಚ್ಚು ಬೇರೆಯಲ್ಲ. ನ್ಯೂಯಾರ್ಕಿನಲ್ಲಿ ಹುಟ್ಟಿದ ಆಂಡಿ ಲುವೊಟ್ಟೊ ಎಪ್ಪತ್ತರ ದಶಕದಲ್ಲಿ ರೆಂಜೊ ಆರ್ಬೋರೆ ಅವರ ಭಾನುವಾರದ ಕಾರ್ಯಕ್ರಮದಲ್ಲಿ ‘ಅಮೆರಿಕದ ಸೋದರಸಂಬಂಧಿ’ಯಾಗಿ ಬಂದು, ‘ಚೆನ್ನಾಗಿದೆ’, ‘ಚೆನ್ನಾಗಿಲ್ಲ’ ಎಂಬೆರಡೇ ಮಾತುಗಳಲ್ಲಿ ದೇಶವನ್ನು ನಗಿಸಿದರು. 1985ರಲ್ಲಿ ಆರ್ಬೋರೆ ಅವರದೇ ತಡರಾತ್ರಿಯ ಕಾರ್ಯಕ್ರಮದಲ್ಲಿ ಅರಬ್ಬನ ವೇಷವೂ ಇವರಿಗೇ ಬಂತು. ಪಶ್ಚಿಮ ಆಫ್ರಿಕಾದಿಂದ ಬಂದ ಇದ್ರಿಸ್ ಸಾನೆ ತೊಂಬತ್ತರ ದಶಕದಲ್ಲಿ ಫಾಬಿಯೊ ಫಾತ್ಸಿಯೊ ಅವರ ಫುಟ್‌ಬಾಲ್ ಕಾರ್ಯಕ್ರಮದಲ್ಲಿ ಕೂತದ್ದೇ ಒಂದು ಬದಲಾವಣೆ ಎನ್ನಬೇಕು. ಅವರು ಯಾರ ವೇಷವನ್ನೂ ತೊಡಲಿಲ್ಲ. ಯುವೆಂಟಸ್ ತಂಡದ ಕಟ್ಟಾ ಅಭಿಮಾನಿಯಾಗಿ, ತಮ್ಮದೇ ದನಿಯಲ್ಲಿ ವಾದಿಸಿ, ಕೊಂಡಾಡಿ, ಸಿಟ್ಟಾಗಿ ಜನರನ್ನು ನಗಿಸಿದರು. 2023ರಲ್ಲಿ ಅವರು ತೀರಿಕೊಂಡಾಗ ನಮ್ಮ ಪತ್ರಿಕೆಗಳಲ್ಲಿ ಒಂದು ಸಾಲೂ ನನ್ನ ಕಣ್ಣಿಗೆ ಬೀಳಲಿಲ್ಲ.

ಎಂಬತ್ತರ ದಶಕ ಮುಗಿಯುವ ಹೊತ್ತಿಗೆ ಮಿಲಿಯಾನ್ ಅಮೆರಿಕಕ್ಕೆ ಮರಳಿ, ಸಣ್ಣಪುಟ್ಟ ಪಾತ್ರಗಳಿಂದ ಮತ್ತೆ ಆರಂಭಿಸಿದರು. 2000ದಲ್ಲಿ ತೆರೆಕಂಡ ‘ಟ್ರಾಫಿಕ್’ ಚಿತ್ರದ ಮೆಕ್ಸಿಕನ್ ಜನರಲ್ ಅವರೇ ಎಂದರೆ ನಿಮ್ಮ ಓದುಗರಲ್ಲಿ ಹಲವರಿಗೆ ಮುಖ ನೆನಪಾಗಬಹುದು. 2014ರಲ್ಲಿ ರೋಮ್ ಚಿತ್ರೋತ್ಸವ ಅವರನ್ನು ಕರೆಸಿ ಅಭಿನಯಕ್ಕಾಗಿ ಪ್ರಶಸ್ತಿ ಕೊಟ್ಟಿತು. 2017ರ ಮಾರ್ಚ್‌ನಲ್ಲಿ ಮಯಾಮಿಯಲ್ಲಿ ತೀರಿಕೊಂಡರು.

ಇಟಲಿಯ ಹಾಸ್ಯದ ಬಗ್ಗೆ ಮುಂದೆ ಬರೆಸುವಾಗ ದಯವಿಟ್ಟು ಈ ವಲಸಿಗರಿಗೆಂದೇ ಒಂದು ಪುಟ ಮೀಸಲಿಡಿ. ಮಿಲಿಯಾನ್ ಅವರ ಭಾವಚಿತ್ರದ ಪಕ್ಕದಲ್ಲಿ ಅಮೆಂದೋಲಾ ಅವರ ಭಾವಚಿತ್ರವೂ ಇರಲಿ. 1981ರ ಆ ಚೀನೀ ಹೋಟೆಲಿನ ಪ್ರಸಂಗವನ್ನೂ ಬಿಡದೆ ಬರೆಸಿ. ನನ್ನ ಬಳಿಯಿರುವ ಹಳೆಯ ಇಟಾಲಿಯನ್ ಸಿನಿಮಾ ಪತ್ರಿಕೆಗಳು ಲೇಖಕರಿಗೆ ಬೇಕಾದರೆ ಸಂತೋಷದಿಂದ ಕಳುಹಿಸಿಕೊಡುತ್ತೇನೆ.

ಇತಿ ತಮ್ಮ ವಿಶ್ವಾಸಿ,
ಪುರವಣಿಯ ಓದುಗ, ಮೈಸೂರು