ತನ್ನ ಪಕ್ಷಪಾತಕ್ಕೆ ತಾನೇ ತೀರ್ಪುಗಾರ: ಇಲಿನಾಯ್ಸ್ ಸೆನೆಟರ್‌ಗೆ ಬಹಿರಂಗ ಪತ್ರ

ಮಾನ್ಯ ಸೆನೆಟರ್ ಅವರಿಗೆ ವಂದನೆಗಳು.

ಈ ಪತ್ರದ ಇಂಗ್ಲಿಷ್ ಪ್ರತಿಯನ್ನು ನಿಮ್ಮ ಕಚೇರಿಗೆ ಕಳುಹಿಸುತ್ತಿದ್ದೇನೆ. ಕನ್ನಡದಲ್ಲಿಯೂ ಬರೆದಿರುವುದು ನಿಮ್ಮ ರಾಜ್ಯದ ಕನ್ನಡ ಮತದಾರರು ಓದಲಿ ಎಂದು. ಅಮೆರಿಕದ ಸುಪ್ರೀಂ ಕೋರ್ಟಿನ ವಿಚಾರದಲ್ಲಿ ನಮ್ಮ ಮನೆಗಳಲ್ಲೂ ಊಟದ ಹೊತ್ತಿಗೆ ಜೋರು ಚರ್ಚೆ ನಡೆಯುತ್ತದೆ.

ಆ ಕೋರ್ಟಿಗೆ ಕಟ್ಟುನಿಟ್ಟಿನ ನೀತಿಸಂಹಿತೆ ಬೇಕು ಎಂದಾಗಲೆಲ್ಲ, ನ್ಯಾಯಮೂರ್ತಿಗಳ ಆತ್ಮಸಾಕ್ಷಿಯನ್ನು ನಂಬಿದರೆ ಸಾಕು ಎನ್ನುವವರು ಎದ್ದು ನಿಲ್ಲುತ್ತಾರೆ. ಅವರಿಗೆ ಉತ್ತರ ನಮ್ಮ ಶಿಕಾಗೊದಲ್ಲೇ ಇದೆ. ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ 1905ರಲ್ಲಿ ಇಲ್ಲಿನ ಫೆಡರಲ್ ಜಿಲ್ಲಾ ನ್ಯಾಯಾಲಯಕ್ಕೆ ನೇಮಿಸಿದ ಕೆನಿಸಾ ಮೌಂಟನ್ ಲ್ಯಾಂಡಿಸ್ ಅವರ ಕಥೆಯನ್ನು ಒಮ್ಮೆ ಪೂರ್ತಿ ಓದಿ. ಬೇಸ್‌ಬಾಲ್ ಪ್ರಿಯರಿಗೆ ಆ ಹೆಸರು ಗೊತ್ತು. ಆದರೆ ನಾನು ಹೇಳುತ್ತಿರುವುದು ಹದಿನೇಳು ವರ್ಷ ಪೀಠದಲ್ಲಿ ಕುಳಿತ ಲ್ಯಾಂಡಿಸ್ ವಿಷಯ.

ಅಂತರ್ಯುದ್ಧದ ಕೆನಿಸಾ ಬೆಟ್ಟದ ಕಾಳಗದಲ್ಲಿ ಗಾಯಗೊಂಡ ಸೇನಾ ವೈದ್ಯರ ಮಗ ಅವರು. ಬೆಟ್ಟದ ಹೆಸರೇ ಮಗನಿಗೂ ಬಂತು. 1907ರಲ್ಲಿ ಲ್ಯಾಂಡಿಸ್, ಸ್ಟ್ಯಾಂಡರ್ಡ್ ಆಯಿಲ್ ಒಡೆಯ, ತೈಲೋದ್ಯಮಿ ರಾಕ್‌ಫೆಲರ್ ಅವರನ್ನೇ ಸಾಕ್ಷಿಕಟ್ಟೆಗೆ ಕರೆಸಿದರು. ಇಂಡಿಯಾನಾದ ಸ್ಟ್ಯಾಂಡರ್ಡ್ ಆಯಿಲ್ ಕಂಪನಿಗೆ 1,462 ಆರೋಪಗಳ ಮೇಲೆ, ಒಂದೊಂದಕ್ಕೂ ಗರಿಷ್ಠ 20,000 ಡಾಲರ್‌ನಂತೆ, 2,92,40,000 ಡಾಲರ್ ದಂಡ ವಿಧಿಸಿದರು. ದೇಶ ಚಪ್ಪಾಳೆ ತಟ್ಟಿತು. ಮರುವರ್ಷ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ರದ್ದುಪಡಿಸಿದ್ದು ಚಪ್ಪಾಳೆಯ ಸದ್ದಿನಲ್ಲಿ ಹೆಚ್ಚು ಜನರಿಗೆ ಕೇಳಿಸಲಿಲ್ಲ.

ಜನಪ್ರಿಯ ನ್ಯಾಯಾಧೀಶರ ತೊಂದರೆಯೇ ಇದು. ಮೊದಲ ಮಹಾಯುದ್ಧ ಬಂದಾಗ ಆ ಜನಪ್ರಿಯತೆಯ ಬೆಲೆ ತೆತ್ತವರು ಬೇರೆಯವರು. 1918ರಲ್ಲಿ ಇಂಡಸ್ಟ್ರಿಯಲ್ ವರ್ಕರ್ಸ್ ಆಫ್ ದಿ ವರ್ಲ್ಡ್ ಸಂಘಟನೆಯ ಸುಮಾರು ನೂರು ಕಾರ್ಮಿಕರು ಯುದ್ಧಪ್ರಯತ್ನಕ್ಕೆ ಅಡ್ಡಿಪಡಿಸಿದ ಆರೋಪದ ಮೇಲೆ ಅವರ ಮುಂದೆ ನಿಂತರು. ನಾಯಕ ಬಿಲ್ ಹೇವುಡ್‌ಗೆ ಇಪ್ಪತ್ತು ವರ್ಷ ಸಜೆಯಾಯಿತು. ಬಳಿಕ ಬಂದದ್ದು ಮಿಲ್ವಾಕಿಯ ಸಮಾಜವಾದಿ ನಾಯಕ ವಿಕ್ಟರ್ ಬರ್ಗರ್ ಮೊಕದ್ದಮೆ. ಜರ್ಮನ್ ಮೂಲದ ಅಮೆರಿಕನ್ನರ ಎದೆಯಲ್ಲಿ ದ್ರೋಹ ನಾರುತ್ತಿದೆ ಎಂದು ಲ್ಯಾಂಡಿಸ್ ಆಡಿದ್ದರೆಂದೂ, ಇಂಥವರಿಂದ ನಮಗೆ ನ್ಯಾಯ ಸಿಗದೆಂದೂ ಬರ್ಗರ್ ಮತ್ತು ಸಹ ಆರೋಪಿಗಳು ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಿದರು. ಅಂಥ ಪ್ರಮಾಣಪತ್ರ ಬಂದರೆ ಬೇರೆ ನ್ಯಾಯಾಧೀಶರು ವಿಚಾರಣೆ ನಡೆಸಬೇಕೆಂದು ಕಾನೂನಿತ್ತು. ಲ್ಯಾಂಡಿಸ್ ಅದನ್ನು ತಾವೇ ಓದಿ, ತಾವೇ ತಿರಸ್ಕರಿಸಿ, ವಿಚಾರಣೆಯನ್ನೂ ತಾವೇ ನಡೆಸಿ ಇಪ್ಪತ್ತು ವರ್ಷ ಶಿಕ್ಷೆ ಕೊಟ್ಟರು. ಚುನಾಯಿತರಾಗಿದ್ದ ಬರ್ಗರ್‌ಗೆ ಪ್ರತಿನಿಧಿಗಳ ಸಭೆ ಎರಡು ಬಾರಿ ಆಸನ ನಿರಾಕರಿಸಿತು. ಲ್ಯಾಂಡಿಸ್ ಆ ಪೀಠದಿಂದ ಸರಿಯಬೇಕಿತ್ತು ಎಂದು ಸುಪ್ರೀಂ ಕೋರ್ಟ್ ಹೇಳಿದ್ದು 1921ರ ಜನವರಿಯಲ್ಲಿ. ಅಂದು ಆ ಪಾಠ ಹೇಳಿದ ಕೋರ್ಟೇ ಇಂದು ಅದನ್ನು ತನಗೆ ಅನ್ವಯಿಸಿಕೊಳ್ಳುತ್ತಿಲ್ಲ ಎಂಬುದೇ ನನ್ನ ದೂರು.

ಅಷ್ಟರಲ್ಲಿ ಇನ್ನೊಂದು ನಡೆದಿತ್ತು. 1915ರಲ್ಲಿ ಫೆಡರಲ್ ಲೀಗ್ ಎಂಬ ಹೊಸ ಬೇಸ್‌ಬಾಲ್ ಕೂಟ ದೊಡ್ಡ ಲೀಗುಗಳ ಏಕಸ್ವಾಮ್ಯದ ವಿರುದ್ಧ ಹೂಡಿದ್ದ ದಾವೆಯನ್ನು ಲ್ಯಾಂಡಿಸ್ ತೀರ್ಪು ಕೊಡದೆ ತಿಂಗಳುಗಟ್ಟಲೆ ಇಟ್ಟುಕೊಂಡರು. ಕೊನೆಗೆ ಆ ಲೀಗು ರಾಜಿ ಮಾಡಿಕೊಂಡು ಕಣ್ಮುಚ್ಚಿತು. 1920ರ ನವೆಂಬರ್‌ನಲ್ಲಿ ದೊಡ್ಡ ಲೀಗುಗಳ ಮಾಲೀಕರು ವರ್ಷಕ್ಕೆ 50,000 ಡಾಲರ್ ಸಂಬಳದ ಬೇಸ್‌ಬಾಲ್ ಕಮಿಷನರ್ (ಆಟದ ಮುಖ್ಯ ಆಡಳಿತಗಾರ) ಹುದ್ದೆಯನ್ನು ಅವರಿಗೆ ಕೊಟ್ಟರು. ಇದು ಕೊಡುಕೊಳ್ಳುವ ವ್ಯವಹಾರವಾಗಿತ್ತು ಎನ್ನಲು ಪುರಾವೆಯಿಲ್ಲ. ನಾನು ಹಾಗೆನ್ನುವುದೂ ಇಲ್ಲ. ಆದರೆ ಅವರು ಪೀಠ ಬಿಡಲಿಲ್ಲ! ನ್ಯಾಯಾಧೀಶರ 7,500 ಡಾಲರ್ ಸಂಬಳವನ್ನು ಹೊಸ ಸಂಬಳದಿಂದ ಕಡಿತ ಮಾಡಿಸಿಕೊಂಡು ಎರಡೂ ಕುರ್ಚಿಗಳಲ್ಲಿ ಕುಳಿತರು. 1921ರ ಆಗಸ್ಟ್‌ನಲ್ಲಿ ಶಿಕಾಗೊದ ಜ್ಯೂರಿ ಬ್ಲ್ಯಾಕ್ ಸಾಕ್ಸ್ ಆಟಗಾರರನ್ನು (1919ರ ವರ್ಲ್ಡ್ ಸೀರೀಸ್‌ನಲ್ಲಿ ಹಣಕ್ಕಾಗಿ ಬೇಕೆಂದೇ ಸೋತ ಆರೋಪ ಹೊತ್ತಿದ್ದವರನ್ನು) ಖುಲಾಸೆ ಮಾಡಿದ ಮರುದಿನವೇ, ಜ್ಯೂರಿ ಏನೇ ಹೇಳಲಿ ಎಂದು ಎಂಟು ಮಂದಿಯನ್ನು ಆಜೀವ ಹೊರಹಾಕಿದರು. ಆಟದ ಮೇಲಿನ ನಂಬಿಕೆ ಕಾಪಾಡಲು ಅದು ಬೇಕಿತ್ತೆಂದೇ ಇಟ್ಟುಕೊಳ್ಳೋಣ. ನ್ಯಾಯಪೀಠದ ಮೇಲಿನ ನಂಬಿಕೆಗೆ ಅದೇ ಅಳತೆಗೋಲು ಯಾಕಿರಲಿಲ್ಲ?

ನಿಮ್ಮ ಕಾಂಗ್ರೆಸ್ಸಿನಲ್ಲಿ ಒಬ್ಬ ಸದಸ್ಯರು ತಂದ ವಾಗ್ದಂಡನೆ ಪ್ರಸ್ತಾವ ದಡ ಮುಟ್ಟಲಿಲ್ಲ. ಕೊನೆಗೆ ಅಮೆರಿಕನ್ ಬಾರ್ ಅಸೋಸಿಯೇಷನ್ ಖಂಡನಾ ನಿರ್ಣಯ ಅಂಗೀಕರಿಸಿತು. 1922ರ ಮಾರ್ಚ್‌ನಲ್ಲಿ ಅವರು ಪೀಠದಿಂದಿಳಿದರು. ಬೇಸ್‌ಬಾಲ್ ಹುದ್ದೆಯಲ್ಲಿ 1944ರಲ್ಲಿ ಸಾಯುವವರೆಗೂ ಇದ್ದರು, ಅಷ್ಟೂ ವರ್ಷ ದೊಡ್ಡ ಲೀಗುಗಳಲ್ಲಿ ಒಬ್ಬ ಕಪ್ಪು ಆಟಗಾರನೂ ಆಡಲಿಲ್ಲ. ಅದು ಬೇರೆಯೇ ಪತ್ರಕ್ಕೆ ವಸ್ತು.

ಆ ಗದ್ದಲದ ಬೆನ್ನಿಗೇ, ಮುಖ್ಯ ನ್ಯಾಯಮೂರ್ತಿ ಟಾಫ್ಟ್ ಅಧ್ಯಕ್ಷತೆಯ ಸಮಿತಿ ರೂಪಿಸಿದ ನ್ಯಾಯಾಂಗ ನೀತಿಸೂತ್ರಗಳು 1924ರಲ್ಲಿ ಬಂದವು. 1980ರ ಕಾನೂನು ಕೆಳ ಹಂತದ ಫೆಡರಲ್ ನ್ಯಾಯಾಧೀಶರ ವಿರುದ್ಧ ದೂರು ಕೊಡಲು ದಾರಿ ಮಾಡಿತು. ಸುಪ್ರೀಂ ಕೋರ್ಟ್ ಅದರ ಹೊರಗುಳಿಯಿತು. 2023ರ ನವೆಂಬರ್‌ನಲ್ಲಿ ಆ ಕೋರ್ಟ್ ತನಗೊಂದು ನೀತಿಸಂಹಿತೆ ಬರೆದುಕೊಂಡಿತಾದರೂ ಅದನ್ನು ಜಾರಿಗೊಳಿಸುವವರು ಯಾರೂ ಇಲ್ಲ. ಪ್ರಕರಣದಿಂದ ಹಿಂದೆ ಸರಿಯಬೇಕೇ ಎಂಬುದನ್ನು ಇಂದಿಗೂ ಆಯಾ ನ್ಯಾಯಮೂರ್ತಿಯೇ ತೀರ್ಮಾನಿಸುತ್ತಾರೆ. ಬರ್ಗರ್ ಪ್ರಮಾಣಪತ್ರವನ್ನು ಲ್ಯಾಂಡಿಸ್ ತೀರ್ಮಾನಿಸಿದ ಹಾಗೆಯೇ.

ನನ್ನ ಬೇಡಿಕೆ ಎರಡೇ. ನ್ಯಾಯಮೂರ್ತಿಯೊಬ್ಬರು ಹಿಂದೆ ಸರಿಯಬೇಕೆಂಬ ಅರ್ಜಿಯನ್ನು ಇತರ ನ್ಯಾಯಮೂರ್ತಿಗಳು ತೀರ್ಮಾನಿಸಿ ಕಾರಣಗಳನ್ನು ಲಿಖಿತವಾಗಿ ಪ್ರಕಟಿಸುವಂತೆ ಕಾನೂನಾಗಲಿ. ಸುಪ್ರೀಂ ಕೋರ್ಟಿನ ಬಗೆಗಿನ ದೂರುಗಳನ್ನು ಪರಿಶೀಲಿಸಲು ಹಿರಿಯ ಫೆಡರಲ್ ನ್ಯಾಯಾಧೀಶರ ಸಮಿತಿಯೊಂದಿರಲಿ. ಇಂಥ ಮಸೂದೆ ಬಂದರೆ ನೀವು ಅದರ ಪರವಾಗಿ ಮತ ಹಾಕುವಿರಾ, ಇಲ್ಲವಾದರೆ ಏಕೆ, ಎಂಬುದನ್ನು ಮುಂದಿನ ಚುನಾವಣೆಗೆ ಮುಂಚೆ ಬಹಿರಂಗವಾಗಿ ತಿಳಿಸಿ.

ಇಂತಿ,
ಇಲಿನಾಯ್ಸ್‌ನ ಒಬ್ಬ ಕನ್ನಡ ಮತದಾರ