ಗಡಿಗೆಯಲ್ಲಿರುವುದು ದನಿಯೋ, ದನಿಯ ನಕಲೋ?

ಮಾನ್ಯ ಸಂಪಾದಕರೇ,

ತಮ್ಮ ಸಾಪ್ತಾಹಿಕ ಪುರವಣಿಯ ಧಾರಾವಾಹಿಯಲ್ಲಿ ಬರುವ ದನಿ ಹಿಡಿಯುವ ಯಂತ್ರವನ್ನು ಕುರಿತು ಓದುಗರೊಬ್ಬರು ಕಳೆದ ವಾರ ಇದೇ ಅಂಕಣದಲ್ಲಿ ಬರೆಯುತ್ತ, ಕಲ್ಪನಾಲೋಕದ ಕಥೆಗೆ ನಿಯಮಗಳ ಹಂಗು ಬೇಕಿಲ್ಲ, ಮಾಂತ್ರಿಕ ಯಂತ್ರವೊಂದು ಹೇಗೆ ಕೆಲಸ ಮಾಡುತ್ತದೆ ಎಂದು ಕೇಳುವುದೇ ಅರಸಿಕತನ ಎಂದಿದ್ದಾರೆ. ಮೊದಲ ಕಂತಿನಿಂದ ಒಂದನ್ನೂ ಬಿಡದೆ ಓದುತ್ತಿರುವ ನನಗೆ ಈ ಮಾತನ್ನು ಒಪ್ಪಲಾಗಲಿಲ್ಲ.

ಯಂತ್ರದ ವರ್ಣನೆ ನಿಜಕ್ಕೂ ಸೊಗಸಾಗಿದೆ. ಆಳೆತ್ತರದ ಕಂಚಿನ ಕಹಳೆ, ಅದರ ಕಿರಿದಾದ ಕೊನೆಗೆ ಬಿಗಿದ ತೊಗಲು, ತೊಗಲಿನ ಹಿಂದೆ ಮೇಣದಿಂದ ಬಾಯಿ ಮುಚ್ಚಿದ ಗಡಿಗೆಗಳ ಸಾಲು. ಕಹಳೆಯ ಮುಂದೆ ಆಡಿದ ಮಾತು ಗಡಿಗೆಯಲ್ಲಿ ಉಳಿಯುತ್ತದೆ. ಯಂತ್ರದ ಒಡತಿ ಅದನ್ನು ತಿಗರಿಯ ಮೇಲೆ ಸುರಿದು, ಕುಂಬಾರರು ಹಸಿಮಣ್ಣನ್ನು ಎತ್ತುವಂತೆ ಬೆರಳುಗಳಿಂದ ಎತ್ತಿ, ಅಳುವನ್ನು ಜೋಗುಳವಾಗಿಯೂ ಬೈಗುಳವನ್ನು ಗಂಟೆಯ ನಾದವಾಗಿಯೂ ಮಾಡಿಕೊಡುತ್ತಾಳೆ. ಆದರೆ ಮೂರನೆಯ ಕಂತಿನಲ್ಲಿ ಅಂಬಿಗನ ಹಾಡನ್ನು ಹಿಡಿದಾಗ ಅವನು ಅದೇ ಹಾಡನ್ನು ಗುನುಗುತ್ತ ದೋಣಿ ಹತ್ತುತ್ತಾನೆ. ಏಳನೆಯ ಕಂತಿನಲ್ಲಿ ಅರಸಿಯ ಗಡಿಗೆ ಒಡೆದಾಗ ಅವಳು ಮೂಕಳಾಗುತ್ತಾಳೆ. ಅಂಬಿಗನಿಂದ ಯಂತ್ರ ಪಡೆದದ್ದು ನಕಲಾದರೆ ಅರಸಿಯಿಂದ ಪಡೆದದ್ದೂ ನಕಲೇ ಆಗಬೇಕಿತ್ತು. ಆಕೆಯ ದುಃಖಕ್ಕೆ ಮರುಗಲು ಸಿದ್ಧನಾಗಿದ್ದ ನಾನು, ಅದನ್ನು ನಂಬಲಾಗದೆ ಪುಟ ಹಿಂದಕ್ಕೆ ತಿರುವಿದೆ.

ನಾವು ಬದುಕಿರುವ ಲೋಕದಲ್ಲಿ ದನಿಯೆಂದರೆ ಅಲುಗಾಟ. ಮಾತನಾಡಿದವರ ಬಾಯಿಂದ ಕೇಳುಗರ ಕಿವಿಗೆ ಗಾಳಿಯೇ ಹರಿದು ಬರುವುದಿಲ್ಲ. ಅದು ಇದ್ದಲ್ಲೇ ಅಲುಗುತ್ತ, ಆ ಅಲುಗಾಟವನ್ನಷ್ಟೇ ಸೆಕೆಂಡಿಗೆ ಸುಮಾರು 340 ಮೀಟರ್ ವೇಗದಲ್ಲಿ ಮುಂದಕ್ಕೆ ದಾಟಿಸುತ್ತದೆ. ಆದ್ದರಿಂದ ಇಲ್ಲಿ ದನಿಯನ್ನು ಹಿಡಿಯುವುದೆಂದರೆ ಅದರ ಗುರುತನ್ನು ಬರೆದಿಟ್ಟುಕೊಳ್ಳುವುದು. ಫ್ರಾನ್ಸಿನ ಎದುವಾರ್-ಲಿಯೋನ್ ಸ್ಕಾಟ್ ದ ಮಾರ್ತಿನ್‌ವಿಲ್ 1857ರಲ್ಲಿ ಪೇಟೆಂಟ್ ಪಡೆದ ಫೋನಾಟೋಗ್ರಾಫ್ ಮಾಡಿದ್ದು ಇದನ್ನೇ. ಕಹಳೆಯ ತುದಿಯಲ್ಲಿದ್ದ ಪೊರೆ ಅದುರಿದಂತೆ ಅದಕ್ಕೆ ಅಂಟಿಸಿದ ಬಿರುಗೂದಲು ದೀಪದ ಮಸಿ ಹಿಡಿಸಿದ ಕಾಗದದ ಮೇಲೆ ಗೆರೆ ಎಳೆಯುತ್ತಿತ್ತು. ಆ ಗೆರೆಯನ್ನು ಮತ್ತೆ ದನಿಯಾಗಿಸುವ ಉಪಾಯ ಅದರಲ್ಲಿರಲಿಲ್ಲ. ಹಿಡಿದದ್ದನ್ನು ಮರಳಿ ಕೇಳಿಸಿದ್ದು ಎಡಿಸನ್‌ರ 1877ರ ಫೋನೋಗ್ರಾಫ್. ಸ್ಕಾಟ್ 1860ರಲ್ಲಿ ಬರೆಯಿಸಿಕೊಂಡ ಹಾಡಿನ ತುಣುಕೊಂದು ಜನರ ಕಿವಿಗೆ ಬಿದ್ದದ್ದು 2008ರಲ್ಲಿ, ಸಂಶೋಧಕರು ಆ ಗೆರೆಗಳನ್ನು ಕಂಪ್ಯೂಟರಿನ ನೆರವಿನಿಂದ ಓದಿದಾಗ. 148 ವರ್ಷ ಬರಹವಾಗಿಯೇ ಮಲಗಿದ್ದ ಹಾಡು ಅದು. ನನ್ನ ಮಟ್ಟಿಗೆ ಯಾವ ಮಾಂತ್ರಿಕ ಗಡಿಗೆಗಿಂತಲೂ ಇದು ದೊಡ್ಡ ಬೆರಗು.

ಕಲ್ಪನೆಯ ಲೋಕ ಈ ಭೌತಶಾಸ್ತ್ರವನ್ನೇ ಪಾಲಿಸಬೇಕೆಂದು ನಾನು ಹೇಳುತ್ತಿಲ್ಲ. ದನಿಯೇ ಒಂದು ವಸ್ತುವಾಗಿರುವ ಲೋಕವನ್ನು ಕಟ್ಟಲು ಕನ್ನಡದ ಲೇಖಕರು ದೂರ ಹೋಗಬೇಕಾಗಿಯೂ ಇಲ್ಲ. 13ನೇ ಶತಮಾನದ ಕೇಶಿರಾಜ ತನ್ನ ‘ಶಬ್ದಮಣಿದರ್ಪಣ’ದಲ್ಲಿ, ಜೀವದ ಇಚ್ಛೆಯಿಂದಲೂ ಅನುಕೂಲವಾದ ಗಾಳಿಯಿಂದಲೂ ನಾಭಿಮೂಲದಲ್ಲಿ ಕಹಳೆಯ ರೀತಿಯಲ್ಲಿ ಶಬ್ದದ್ರವ್ಯ ಹುಟ್ಟುತ್ತದೆ, ಅದು ಬೆಳ್ಳಗಿರುತ್ತದೆ, ಶಬ್ದವು ಅದರ ಕಾರ್ಯ ಎನ್ನುತ್ತಾನೆ. ದ್ರವ್ಯ, ಅದಕ್ಕೊಂದು ಬಣ್ಣ, ಅದು ಹುಟ್ಟುವ ತಾಣಕ್ಕೆ ಕಹಳೆಯ ಹೋಲಿಕೆ! ಇಂಥ ಲೋಕದಲ್ಲಿ ದನಿಯನ್ನು ಗಡಿಗೆಗೆ ತುಂಬಬಹುದು, ತೂಗಬಹುದು, ಕದಿಯಬಹುದು, ಚೆಲ್ಲಲೂಬಹುದು. ಆದರೆ ವಸ್ತುವೊಂದು ಏಕಕಾಲಕ್ಕೆ ಎರಡು ಕಡೆ ಇರಲಾರದು. ಗಡಿಗೆಗೆ ಬಂದದ್ದು ಗಂಟಲಿನಲ್ಲಿ ಉಳಿಯುವಂತಿಲ್ಲ. ಅರಸಿ ಮೂಕಳಾದದ್ದು ಸರಿ ಎನಿಸುವುದು ಈ ಲೆಕ್ಕದಲ್ಲಿ ಮಾತ್ರ. ಲೇಖಕರ ಮನಸ್ಸು ಇತ್ತಲೇ ವಾಲಿದೆ ಎಂಬುದು ಗಡಿಗೆ, ತಿಗರಿಗಳಿಂದಲೇ ತಿಳಿಯುತ್ತದೆ.

ಇನ್ನು ದನಿಯನ್ನು ತಿದ್ದುವ ಮಾತು. ಇದು ದನಿ ಹಿಡಿಯುವ ವಿದ್ಯೆಗಿಂತ ಹಳೆಯದು. ವೋಲ್ಫ್‌ಗ್ಯಾಂಗ್ ಫಾನ್ ಕೆಂಪೆಲೆನ್ 1791ರಲ್ಲಿ ವಿವರಿಸಿದ ಮಾತನಾಡುವ ಯಂತ್ರದಲ್ಲಿ ಶ್ವಾಸಕೋಶದ ಬದಲು ತಿದಿ, ಗಂಟಲ ತಂತುಗಳ ಬದಲು ಕಂಪಿಸುವ ನಾಲಗೆಪಟ್ಟಿ ಇದ್ದವು; ಬಾಯಿಯಂತಿದ್ದ ಭಾಗವನ್ನು ನಡೆಸುವವನು ತನ್ನ ಅಂಗೈಯಿಂದ ಮುಚ್ಚುತ್ತ ತೆರೆಯುತ್ತ ಸ್ವರಗಳನ್ನು ರೂಪಿಸುತ್ತಿದ್ದ. ತಿದ್ದಿದರೆ ಏನಾಗಬಹುದೆಂಬುದಕ್ಕೆ ಸ್ಕಾಟ್‌ನ ಹಾಡೇ ಸಾಕ್ಷಿ. 2008ರಲ್ಲಿ ಅದನ್ನು ಮೊದಲು ಕೇಳಿಸಿದಾಗ ವೇಗ ಇಮ್ಮಡಿಯಾಗಿದ್ದರಿಂದ ಹಾಡಿದ್ದು ಹೆಣ್ಣುಮಗಳೆಂದು ಭಾವಿಸಲಾಗಿತ್ತು. ಕಾಗದದ ಮೇಲೆ ಹಾಡಿನ ಜೊತೆಗೇ ದಾಖಲಾಗಿದ್ದ ಶ್ರುತಿಕವೆಯ, ಅಂದರೆ ಸದಾ ಒಂದೇ ವೇಗದಲ್ಲಿ ಅದುರುವ ಲೋಹದ ಕವೆಯ, ಕಂಪನವನ್ನು ಸರಿಯಾಗಿ ಅರ್ಥೈಸಿಕೊಂಡ ಮೇಲೆ, ಅದು ಗಂಡಸೊಬ್ಬನ, ಬಹುಶಃ ಸ್ಕಾಟ್‌ನದೇ, ನಿಧಾನವಾದ ದನಿ ಎಂದು ಗೊತ್ತಾಯಿತು. ವೇಗವೊಂದು ಬದಲಾದರೆ ಹಾಡಿದವರೇ ಬೇರೆಯಾಗುತ್ತಾರೆ. ಧಾರಾವಾಹಿಯ ಒಡತಿ ಅಳುವನ್ನು ಜೋಗುಳವಾಗಿಸಿದಾಗ, ಅತ್ತವಳಿಗೆ ಆ ಜೋಗುಳ ತನ್ನದೆಂದು ತಿಳಿಯುತ್ತದೆಯೇ? ಇಷ್ಟು ಒಳ್ಳೆಯ ಪ್ರಶ್ನೆಯನ್ನು ಕಥೆ ಒಮ್ಮೆಯೂ ಕೇಳಿಕೊಂಡಿಲ್ಲ ಎಂಬುದು ನನ್ನ ನಿಜವಾದ ಕೊರಗು.

ಮುಂದಿನ ಕಂತಿನಲ್ಲಿ ಅರಸಿಯು ಚೂರುಗಳನ್ನು ಸೆರಗಿನಲ್ಲಿ ಕಟ್ಟಿಕೊಂಡು ಒಡತಿಯ ಬಾಗಿಲಿಗೆ ಬರುವವಳಿದ್ದಾಳೆ. ಚೆಲ್ಲಿಹೋದ ದನಿಯನ್ನು ಯಂತ್ರದ ಹಿಡಿಯೊಂದನ್ನು ತಿರುಗಿಸಿ ಮರಳಿ ಕೊಟ್ಟುಬಿಡಬಾರದೆಂದು ಲೇಖಕರಿಗೆ ತಮ್ಮ ಮೂಲಕ ಕೋರುತ್ತೇನೆ. ಧಾರಾವಾಹಿ ಪುಸ್ತಕವಾಗಿ ಬರುವಾಗ ಮೂರನೆಯ ಕಂತನ್ನೂ ಅವರು ತಿದ್ದಲಿ. ದೋಣಿ ಹತ್ತುವ ಹೊತ್ತಿಗೆ ಆ ಹಾಡಿನ ಒಂದು ಸಾಲಾದರೂ ಅಂಬಿಗನ ಗಂಟಲಿನಿಂದ ಕಳೆದುಹೋಗಿರಲಿ.

ಇತಿ,
ತಮ್ಮ ಪತ್ರಿಕೆಯ ಓದುಗ